ಡಿಸ್ಚಾರ್ಜ್‌ಗೆ ಮುಂಚಿನ ಇಪ್ಪತ್ತು ನಿಮಿಷ

ಇನ್ಸುಲಿನ್ ಸಿರಿಂಜಿನಲ್ಲಿ ಎರಡು ಬಗೆ. ಒಂದಕ್ಕೆ ಕೆಂಪು ಮುಚ್ಚಳ, ಇನ್ನೊಂದಕ್ಕೆ ಕಿತ್ತಳೆ ಬಣ್ಣದ ಮುಚ್ಚಳ. ಮಿಲಿಲೀಟರಿಗೆ 40 ಯೂನಿಟ್ ಇರುವ ಬಾಟಲಿಗೆ ಕೆಂಪು ಮುಚ್ಚಳದ ಸಿರಿಂಜ್, 100 ಯೂನಿಟ್ ಇರುವುದಕ್ಕೆ ಕಿತ್ತಳೆಯದು. ನಮ್ಮ ಔಷಧಿ ಅಂಗಡಿಗಳಲ್ಲಿ ಎರಡೂ ಸಿಗುತ್ತವೆ, ನೋಡುವುದಕ್ಕೂ ಹೆಚ್ಚುಕಡಿಮೆ ಒಂದೇ ಥರ. 100ರ ಬಾಟಲಿಯಿಂದ ಕೆಂಪು ಮುಚ್ಚಳದ ಸಿರಿಂಜಿನಲ್ಲಿ ‘10’ ಎಂಬ ಗೆರೆಯವರೆಗೆ ಎಳೆದುಕೊಂಡರೆ ಮೈಗೆ ಸೇರುವುದು 25 ಯೂನಿಟ್. ಅದಲುಬದಲಾಗಿ 40ರ ಬಾಟಲಿಗೆ ಕಿತ್ತಳೆ ಸಿರಿಂಜ್ ಹಾಕಿದರೆ ಸೇರುವುದು 4 ಯೂನಿಟ್ ಮಾತ್ರ. ಮೊದಲನೆಯದರಲ್ಲಿ ಮನುಷ್ಯ ಬೆವೆತು, ನಡುಗಿ, ಎಚ್ಚರ ತಪ್ಪಿ ಬೀಳಬಹುದು. ಎರಡನೆಯದರಲ್ಲಿ ತಿಂಗಳುಗಟ್ಟಲೆ ಚುಚ್ಚಿಕೊಂಡರೂ ಶುಗರ್ ಇಳಿಯುವುದಿಲ್ಲ. ‘ಇನ್ಸುಲಿನ್ ನಮ್ಮ ಮೈಗೆ ಆಗಿಬರಲಿಲ್ಲ’ ಎಂದು ಮನೆಯವರು ಅದನ್ನೇ ನಿಲ್ಲಿಸಿಬಿಡುತ್ತಾರೆ.

ಇದನ್ನು ಹೇಳಿಕೊಡಲು ಬೇಕಾದದ್ದು ಒಂದು ಬಾಟಲಿ, ಎರಡು ಸಿರಿಂಜ್, ಐದು ನಿಮಿಷ, ಮಂಚದ ಪಕ್ಕ ನಿಂತು ಸಮಾಧಾನದಿಂದ ಮಾತಾಡಬಲ್ಲ ಒಬ್ಬ ಸಿಸ್ಟರ್. ಭಾರತದಲ್ಲಿ ಸಕ್ಕರೆ ಕಾಯಿಲೆಯವರು 10 ಕೋಟಿಗೂ ಹೆಚ್ಚು ಎಂದು ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ ಸಮೀಕ್ಷೆ 2023ರಲ್ಲಿ ಹೇಳಿತು. ಅವರಲ್ಲಿ ಇನ್ಸುಲಿನ್ ಮೇಲೆ ಇರುವವರ ಪೈಕಿ ಎಷ್ಟು ಮಂದಿಗೆ ಆ ಐದು ನಿಮಿಷ ಸಿಕ್ಕಿದೆ ಎಂಬ ಲೆಕ್ಕವನ್ನು ಯಾವ ವಾರ್ಡಿನ ಯಾವ ರಿಜಿಸ್ಟರಿನಲ್ಲೂ ಬರೆದಿಡುವ ರೂಢಿಯಿಲ್ಲ. ಕೊಟ್ಟ ಇಂಜೆಕ್ಷನ್‌ಗೆ ಲೆಕ್ಕ ಇದೆ, ಬದಲಿಸಿದ ಗ್ಲೂಕೋಸ್ ಬಾಟ್ಲಿಗೆ ಲೆಕ್ಕ ಇದೆ, ಬಳಸಿದ ಹತ್ತಿಗೂ ಲೆಕ್ಕ ಇದೆ. ಹೇಳಿಕೊಟ್ಟದ್ದಕ್ಕೆ ಮಾತ್ರ ಲೆಕ್ಕವಿಲ್ಲ.

ರೋಗಿಗೂ ಮನೆಯವರಿಗೂ ಹೇಳಿಕೊಡುವುದು ನರ್ಸಿನ ಕೆಲಸದ ಒಳಗಿನ ಭಾಗ. ಅದಕ್ಕೆ ಸಮಯ ಗೊತ್ತುಪಡಿಸಬೇಕು, ಆಳು ಕೊಡಬೇಕು, ಮಾತ್ರೆ ಕೊಟ್ಟದ್ದನ್ನು ಬರೆಯುವ ಹಾಗೆ ಅದನ್ನೂ ಕೇಸ್ ಶೀಟಿನಲ್ಲಿ ಬರೆಯಬೇಕು. ಬಿಡುವಾದರೆ ಹೇಳೋಣ ಎಂದು ಬಿಟ್ಟರೆ ವಾರ್ಡಿನಲ್ಲಿ ಬಿಡುವು ಯಾವತ್ತೂ ಆಗುವುದಿಲ್ಲ.

ಡಿಸ್ಚಾರ್ಜ್ ದಿನ ಯಾವುದೇ ದೊಡ್ಡ ಆಸ್ಪತ್ರೆಯ ಜನರಲ್ ವಾರ್ಡಿಗೆ ಹೋಗಿ ನಿಂತರೆ ಇದು ಕಣ್ಣಿಗೆ ಹೊಡೆಯುತ್ತದೆ. ರೌಂಡ್ಸ್‌ಗೆ ಬಂದ ಡಾಕ್ಟರು ‘ಇವತ್ತು ಮನೆಗೆ ಹೋಗಬಹುದು’ ಎಂದ ಗಳಿಗೆಯಿಂದ ಮನೆಯವರಿಗೆ ನಿಂತಲ್ಲಿ ನಿಲ್ಲಲಾಗುವುದಿಲ್ಲ. ಒಬ್ಬರು ಬಿಲ್ ಕೌಂಟರಿನಲ್ಲಿ, ಇನ್ನೊಬ್ಬರು ಆಯುಷ್ಮಾನ್ ಕಾರ್ಡಿನ ಜೆರಾಕ್ಸ್ ಹಿಡಿದು ಆರೋಗ್ಯಮಿತ್ರರ ಮುಂದೆ, ಮತ್ತೊಬ್ಬರು ಔಷಧಿ ಕೌಂಟರಿನ ಸಾಲಿನಲ್ಲಿ. ಹಾಸಿಗೆ ಖಾಲಿಯಾಗುವುದನ್ನು ಕಾಯುತ್ತಾ ಬಾಗಿಲಲ್ಲೇ ಮುಂದಿನ ರೋಗಿಯ ಸ್ಟ್ರೆಚರ್ ನಿಂತಿರುತ್ತದೆ. ಮಧ್ಯಾಹ್ನ ಮೂರಕ್ಕೋ ನಾಲ್ಕಕ್ಕೋ ಡಿಸ್ಚಾರ್ಜ್ ಸಮ್ಮರಿ ಕೈಗೆ ಬರುತ್ತದೆ. ಪೂರ್ತಿ ಇಂಗ್ಲಿಷು, ಅದರಲ್ಲೂ ಅರ್ಧ ಸಂಕ್ಷಿಪ್ತಾಕ್ಷರ. ಸಿಸ್ಟರ್ ಮಾತ್ರೆಯ ಶೀಟುಗಳನ್ನು ಒಂದೊಂದಾಗಿ ಎತ್ತಿ ತೋರಿಸುತ್ತಾ ‘ಇದು ಊಟಕ್ಕೆ ಮುಂಚೆ, ಇದು ಊಟ ಆದಮೇಲೆ, ಇದು ರಾತ್ರಿ ಮಾತ್ರ, ಹದಿನೈದು ದಿನ ಬಿಟ್ಟು ಬನ್ನಿ’ ಎಂದು ಒಂದೇ ಉಸಿರಿಗೆ ಹೇಳಿ ಮುಗಿಸುತ್ತಾರೆ. ಕೇಳಿಸಿಕೊಂಡವರು ಚೀಲ ಕಟ್ಟುತ್ತಿದ್ದ ಸೊಸೆ. ಮನೆಯಲ್ಲಿ ಮಾತ್ರೆ ಕೊಡುವವರು ಮಗ. ಅವರು ಆಗ ಆಟೋ ತರಲು ಹೋಗಿರುತ್ತಾರೆ.

ಆ ಸೊಸೆ ಮನಸ್ಸಿಟ್ಟು ಕೇಳಿಸಿಕೊಂಡಿದ್ದರೂ ಬಹಳ ಉಳಿಯುತ್ತಿರಲಿಲ್ಲ. ವೈದ್ಯರು ಹೇಳಿದ್ದರಲ್ಲಿ ಶೇ 40ರಿಂದ 80ರಷ್ಟನ್ನು ರೋಗಿಗಳು ಆಗಿಂದಾಗಲೇ ಮರೆಯುತ್ತಾರೆ, ನೆನಪಿಟ್ಟದ್ದರಲ್ಲೂ ಅರ್ಧದಷ್ಟು ತಪ್ಪಾಗಿಯೇ ನೆನಪಿರುತ್ತದೆ ಎಂದು ನೆದರ್ಲೆಂಡ್ಸ್‌ನ ಮನಃಶಾಸ್ತ್ರಜ್ಞ ರಾಯ್ ಕೆಸೆಲ್ಸ್ 2003ರಲ್ಲಿ ಹಲವು ಅಧ್ಯಯನಗಳನ್ನು ಒಟ್ಟು ಸೇರಿಸಿ ಬರೆದರು. ಭಯ, ನೋವು, ನಿದ್ದೆಗೆಟ್ಟ ಕಣ್ಣು, ದುಡ್ಡಿನ ಚಿಂತೆ ಇವೆಲ್ಲ ತಲೆಯಲ್ಲಿ ಕೂತಿರುವಾಗ ಹೊಸ ವಿಷಯಕ್ಕೆ ಜಾಗ ಎಲ್ಲಿಂದ ಬರಬೇಕು? ದೀರ್ಘಕಾಲದ ಕಾಯಿಲೆಗಳಲ್ಲಿ, ಮುಂದುವರಿದ ದೇಶಗಳಲ್ಲೂ, ಹೇಳಿದ ಹಾಗೆ ಔಷಧಿ ತೆಗೆದುಕೊಳ್ಳುವವರು ಸರಾಸರಿ ಅರ್ಧದಷ್ಟು ಮಂದಿ ಎಂದು ವಿಶ್ವ ಆರೋಗ್ಯ ಸಂಸ್ಥೆ ಅದೇ ವರ್ಷ ವರದಿ ಮಾಡಿತು.

ಇಂಥ ಅಂಕಿಅಂಶ ಕಂಡಾಗ ‘ನಮ್ಮ ಜನಕ್ಕೆ ತಿಳಿವಳಿಕೆ ಇಲ್ಲ’ ಎಂಬ ಮಾತು ಬಲು ಬೇಗ ಬಾಯಿಗೆ ಬರುತ್ತದೆ. ಅದಕ್ಕೆ ಅರುವತ್ತು ವರ್ಷದ ಹಿಂದೆ ತುಮಕೂರು ಜಿಲ್ಲೆಯ ಹಳ್ಳಿಗಳಿಂದಲೇ ಉತ್ತರ ಬಂದಿದೆ. ಬೆಂಗಳೂರಿನ ರಾಷ್ಟ್ರೀಯ ಕ್ಷಯರೋಗ ಸಂಸ್ಥೆಯ ದೇವಬರ್ ಬ್ಯಾನರ್ಜಿ ಮತ್ತು ಸ್ಟಿಗ್ ಆಂಡರ್ಸನ್ 1963ರಲ್ಲಿ ಪ್ರಕಟಿಸಿದ ಅಧ್ಯಯನ ಅದು. ಹಳ್ಳಿಯವರಿಗೆ ಕ್ಷಯದ ಲಕ್ಷಣಗಳ ಪರಿವೆಯೇ ಇರುವುದಿಲ್ಲ, ಮನೆಮನೆಗೆ ಹೋಗಿ ಹುಡುಕಿ ಎಬ್ಬಿಸಬೇಕು ಎಂಬ ನಂಬಿಕೆಯಿದ್ದ ಕಾಲ. ಅವರು ಕಂಡದ್ದು ಬೇರೆ. ರೋಗಿಗಳಲ್ಲಿ ಬಹುಪಾಲು ಜನರಿಗೆ ತಮಗೇನೋ ಆಗಿದೆ ಎಂಬುದು ಗೊತ್ತಿತ್ತು, ಸುಮಾರು ಅರ್ಧದಷ್ಟು ಮಂದಿ ಆಗಲೇ ಆಸ್ಪತ್ರೆಯ ಬಾಗಿಲಿಗೂ ಹೋಗಿಬಂದಿದ್ದರು. ಅಲ್ಲಿ ಅವರ ಕಫ ಪರೀಕ್ಷೆ ಮಾಡದೆ, ಕೆಮ್ಮಿನ ಔಷಧಿಯ ಬಾಟ್ಲಿ ಕೊಟ್ಟು ಕಳಿಸಲಾಗಿತ್ತು. ಕ್ಷಯ ನಿಯಂತ್ರಣದ ಇತಿಹಾಸದಲ್ಲಿ ಈ ಅಧ್ಯಯನಕ್ಕೆ ದೊಡ್ಡ ಜಾಗವಿದೆ. ಕರ್ನಾಟಕದ ನರ್ಸಿಂಗ್ ತರಗತಿಗಳಲ್ಲಿ ಇದನ್ನು ಮೊದಲ ವಾರವೇ ಓದಿಸಬೇಕು. ಬಂದವರ ಜೊತೆ ಕೂತು ಮಾತಾಡದೆ ಕಳಿಸಿದ್ದು ವ್ಯವಸ್ಥೆ, ತಿಳಿವಳಿಕೆಯಿಲ್ಲದವರು ಎನ್ನಿಸಿಕೊಂಡವರು ರೋಗಿಗಳು.

ಡಾಕ್ಟರೇ ಹೇಳಬಹುದಲ್ಲ, ಸಿಸ್ಟರೇ ಯಾಕೆ ಹೇಳಬೇಕು ಎಂದು ಕೇಳುವವರಿದ್ದಾರೆ. ಡಾಕ್ಟರು ಹೇಳಲೇಬೇಕು, ಕಾಯಿಲೆ ಏನು ಎಂಬುದನ್ನು ಅವರ ಬಾಯಿಂದಲೇ ಕೇಳುವುದು ರೋಗಿಯ ಹಕ್ಕು. ಆದರೆ ವಾರ್ಡಿನಲ್ಲಿ ನಡೆಯುವುದನ್ನು ಕಂಡವರಿಗೆ ಗೊತ್ತು: ರೌಂಡ್ಸಿನ ಗುಂಪು ಮಂಚದ ಸುತ್ತ ನಿಂತಿರುವಷ್ಟು ಹೊತ್ತು ರೋಗಿ ಎಲ್ಲದಕ್ಕೂ ‘ಹೂಂ ಸರ್’ ಎನ್ನುತ್ತಾರೆ. ಗುಂಪು ಪಕ್ಕದ ಮಂಚಕ್ಕೆ ಸರಿಯುತ್ತಿದ್ದಂತೆ, ಹಿಂದೆ ಉಳಿದ ಸಿಸ್ಟರ್ ಕಡೆ ತಿರುಗಿ ‘ಏನಂದ್ರು ಸಿಸ್ಟರ್?’ ಎಂದು ಮೆಲ್ಲಗೆ ಕೇಳುತ್ತಾರೆ. ಮಲಬದ್ಧತೆ, ಮಾತ್ರೆಯ ಬೆಲೆ, ಗಂಡನ ಜೊತೆ ಮಲಗಬಹುದೇ, ಮತ್ತೆ ಹೊಲಕ್ಕೆ ಹೋಗಬಹುದೇ, ಈ ಆಪರೇಷನ್ ಆದವರು ಭಾರ ಎತ್ತಿದರೆ ಹೊಲಿಗೆ ಬಿಚ್ಚುತ್ತದಂತೆ ಹೌದೇ — ಇವೆಲ್ಲ ಬರುವುದು ರಾತ್ರಿ ಪಾಳಿಯ ಸಿಸ್ಟರ್ ಬಿಪಿ ನೋಡಲು ಬಂದಾಗ. ಇಪ್ಪತ್ತನಾಲ್ಕು ಗಂಟೆಯೂ ವಾರ್ಡಿನಲ್ಲಿ ಇರುವವರು ಅವರು. ಪ್ರಶ್ನೆ ಯಾರ ಬಳಿ ಬರುತ್ತದೋ ಉತ್ತರ ಕೊಡುವ ಅಧಿಕಾರವೂ ಅವರಿಗಿರಬೇಕು. ಎಷ್ಟೋ ಕಡೆ ‘ಡಾಕ್ಟರನ್ನೇ ಕೇಳಿ’ ಎಂದು ಸಿಸ್ಟರ್ ಜಾರಿಕೊಳ್ಳಬೇಕಾಗುವುದು ಉತ್ತರ ಗೊತ್ತಿಲ್ಲದೆ ಅಲ್ಲ, ಹೇಳಿದ್ದಕ್ಕೆ ಬೈಗುಳ ತಿಂದ ಅನುಭವದಿಂದ.

ಆಧುನಿಕ ಶುಶ್ರೂಷೆಯ ಮೊದಲ ಪುಸ್ತಕ ಎಂದು ಜನ ಹೇಳುವ, ಫ್ಲಾರೆನ್ಸ್ ನೈಟಿಂಗೇಲ್ 1859ರಲ್ಲಿ ಪ್ರಕಟಿಸಿದ ಕೃತಿಯನ್ನು ಅವರು ಬರೆದದ್ದು ಮನೆಯಲ್ಲಿ ಇನ್ನೊಬ್ಬರ ಆರೋಗ್ಯ ನೋಡಿಕೊಳ್ಳುವ ಸಾಮಾನ್ಯ ಹೆಂಗಸರಿಗಾಗಿ. ನರ್ಸುಗಳಿಗೆ ಪಾಠಪುಸ್ತಕವಾಗಲಿ ಎಂದು ಅವರು ಅದನ್ನು ಬರೆಯಲಿಲ್ಲ. ಮನೆಯವರಿಗೆ ಕಲಿಸುವುದು ಈ ವೃತ್ತಿಗೆ ಆಮೇಲೆ ಅಂಟಿದ ಹೆಚ್ಚುವರಿ ಕೆಲಸವಲ್ಲ.

ಹೇಳಿದ್ದಕ್ಕೂ ಕಲಿಸಿದ್ದಕ್ಕೂ ಇರುವ ಅಂತರವನ್ನು ಅತಿ ಸ್ಪಷ್ಟವಾಗಿ ತೋರಿಸಿಕೊಟ್ಟದ್ದು ಬಾಂಗ್ಲಾದೇಶದ ಬ್ರಾಕ್ ಸಂಸ್ಥೆ. ಭೇದಿಯಿಂದ ಮಕ್ಕಳು ಸಾಯುವುದನ್ನು ತಡೆಯಲು ಉಪ್ಪು-ಬೆಲ್ಲದ ನೀರು ಮಾಡುವುದನ್ನು ಅದರ ಕಾರ್ಯಕರ್ತೆಯರು 1980ರಿಂದ 1990ರವರೆಗೆ ಸುಮಾರು 1.2 ಕೋಟಿ ಮನೆಗಳಿಗೆ ಹೋಗಿ ತಾಯಂದಿರಿಗೆ ಕಲಿಸಿದರು. ಮೂರು ಬೆರಳಿನ ಚಿಟಿಕೆ ಉಪ್ಪು, ಒಂದು ಹಿಡಿ ಬೆಲ್ಲ, ಅರ್ಧ ಸೇರು ನೀರು. ತಾಯಿ ತನ್ನ ಕೈಯಿಂದಲೇ ಮಾಡಿ ತೋರಿಸಬೇಕಿತ್ತು. ಕಾರ್ಯಕರ್ತೆಯರು ನರ್ಸುಗಳಾಗಿರಲಿಲ್ಲ, ಆದರೆ ಅವರ ಸಂಬಳದ ಏರ್ಪಾಡಿನಲ್ಲಿ ಪ್ರತಿ ಆಸ್ಪತ್ರೆಗೂ ಪಾಠವಿದೆ. ಕೆಲವು ವಾರ ಕಳೆದ ಮೇಲೆ ಬೇರೆಯವರು ಬಂದು, ಕಲಿತ ತಾಯಂದಿರಲ್ಲಿ ಕೆಲವರನ್ನು ಆರಿಸಿ, ನೆನಪಿದೆಯೇ ಎಂದು ಕೇಳುತ್ತಿದ್ದರು, ನೀರು ಮಾಡಿಸಿ ನೋಡುತ್ತಿದ್ದರು. ತಾಯಿಗೆ ಎಷ್ಟು ಬಂದಿದೆಯೋ ಕಾರ್ಯಕರ್ತೆಯ ಕೈಗೆ ಅಷ್ಟು ಹಣ. ಎಷ್ಟು ಮನೆಗೆ ಹೋದೆ ಎಂಬುದಕ್ಕೆ ಬೆಲೆ ಇರಲಿಲ್ಲ.

ಹಾಗಿದ್ದೂ ಮೊದಮೊದಲು ಆ ನೀರನ್ನು ಮಕ್ಕಳಿಗೆ ನಿಜವಾಗಿ ಕುಡಿಸುತ್ತಿದ್ದ ತಾಯಂದಿರು ಕಡಿಮೆ. ಯಾಕೆ ಎಂದು ವಿಚಾರಿಸಿದಾಗ ಕಾರ್ಯಕರ್ತೆಯರಲ್ಲೇ ಹಲವರು ತಮ್ಮ ಮನೆಯಲ್ಲಿ ಅದನ್ನು ಬಳಸುತ್ತಿಲ್ಲ ಎಂಬುದು ಹೊರಬಿತ್ತು. ಅದು ಹೇಗೆ ಕೆಲಸ ಮಾಡುತ್ತದೆ ಎಂಬುದು ಅವರಿಗೇ ಮನಸ್ಸಿಗೆ ಹೊಕ್ಕಿರಲಿಲ್ಲ. ಸಂಸ್ಥೆ ಮೊದಲು ಅವರಿಗೆ ಕಾರಣ ಬಿಡಿಸಿ ಹೇಳಿತು, ಮನೆಯ ಗಂಡಸರನ್ನೂ ಮಾತಿಗೆ ಕೂರಿಸಿಕೊಂಡಿತು, ಆಮೇಲೆ ಬಳಕೆ ಏರಿತು. ತಾನು ನಂಬದ್ದನ್ನು ಕಲಿಸುವವರ ದನಿಯಲ್ಲಿ ಕೇಳುವವರಿಗೆ ಅದು ಗೊತ್ತಾಗಿಬಿಡುತ್ತದೆ. ‘ಹೇಳಿ ಅಂತ ಆರ್ಡರ್ ಬಂದಿದೆ’ ಎಂದು ಸಿಸ್ಟರ್ ಒಪ್ಪಿಸುವ ಪಾಠಕ್ಕೂ, ತಾನು ಅರ್ಥ ಮಾಡಿಕೊಂಡು ಹೇಳುವ ಮಾತಿಗೂ ಇರುವ ವ್ಯತ್ಯಾಸ ಅದು.

ಮಾಡಿ ತೋರಿಸಿ ಎಂದು ಕೇಳುವುದು ಅಷ್ಟೇನೂ ಕಷ್ಟದ ವಿದ್ಯೆಯಲ್ಲ. ‘ಅರ್ಥವಾಯಿತಾ?’ ಎಂದರೆ ಕನ್ನಡನಾಡಿನ ಯಾವ ರೋಗಿಯೂ ಇಲ್ಲ ಎನ್ನುವುದಿಲ್ಲ. ಇಲ್ಲ ಎನ್ನುವುದು ಸಿಸ್ಟರಿಗೆ ಮರ್ಯಾದೆ ಕಡಿಮೆ ಮಾಡಿದಂತೆ ಎಂಬ ಭಾವನೆ. ‘ಅಜ್ಜಿ, ನಾಳೆ ಮನೆಯಲ್ಲಿ ಈ ಪಂಪ್ ಹೇಗೆ ಎಳ್ಕೊತೀರಿ, ಒಂದ್ಸಲ ತೋರಿಸಿ ನೋಡೋಣ’ ಎಂದರೆ ಕಥೆಯೇ ಬೇರೆ. ಆಸ್ತಮಾದ ಇನ್‌ಹೇಲರ್ ಅನ್ನು ಅಲುಗಾಡಿಸಿ, ಉಸಿರನ್ನು ಪೂರ್ತಿ ಹೊರಗೆ ಬಿಟ್ಟು, ತುಟಿ ಬಿಗಿದು, ಒತ್ತುವುದೂ ಎಳೆಯುವುದೂ ಒಟ್ಟಿಗೇ ಆಗುವಂತೆ ನಿಧಾನವಾಗಿ ಒಳಗೆಳೆದು, ಎದೆಯಲ್ಲಿ ಸುಮಾರು ಹತ್ತು ಎಣಿಸುವಷ್ಟು ಹೊತ್ತು ತಡೆಹಿಡಿಯಬೇಕು. ಸ್ಟೀರಾಯ್ಡ್ ಇದ್ದರೆ ಆಮೇಲೆ ಬಾಯಿ ಮುಕ್ಕಳಿಸಬೇಕು. ಅಜ್ಜಿ ಒತ್ತಿದ ಮೇಲೆ ಎಳೆಯುತ್ತಾರೆ. ಬಿಳಿ ಹೊಗೆ ಬಾಯಂಚಿನಿಂದ ಹೊರಗೆ ಹೋಗುವುದು ಎದುರಿಗಿರುವವರಿಗೆ ಕಾಣುತ್ತದೆ. ಔಷಧಿ ಗಂಟಲಿಗೇ ಬಡಿದು ಉಳಿಯಿತು, ಶ್ವಾಸಕೋಶಕ್ಕೆ ಇಳಿಯಲಿಲ್ಲ. ಈ ತಪ್ಪು ಯಾವ ರಕ್ತಪರೀಕ್ಷೆಯಲ್ಲೂ ಸಿಗುವುದಿಲ್ಲ, ಎದುರಿಗೆ ನಿಂತು ನೋಡಿದವರಿಗಷ್ಟೇ ಸಿಗುತ್ತದೆ.

ತಿಳಿಯದೆ ಹೋದ ಒಂದು ಮಾತಿನಿಂದ ಎಂಥ ಅಪಾಯವಿದೆ ಎಂಬುದಕ್ಕೆ ಹೃದಯದ ಲೋಹದ ಕವಾಟ ಹಾಕಿಸಿಕೊಂಡವರಿಗಿಂತ ದೊಡ್ಡ ಉದಾಹರಣೆ ಬೇಡ. ಬಾಲ್ಯದ ಸಂಧಿವಾತ ಜ್ವರದಿಂದ ಕವಾಟ ಕೆಟ್ಟು, ಇಪ್ಪತ್ತು-ಮೂವತ್ತರ ವಯಸ್ಸಿನಲ್ಲೇ ಆಪರೇಷನ್ ಆದ ಎಷ್ಟೋ ಮಂದಿ ನಮ್ಮ ಹಳ್ಳಿಗಳಲ್ಲಿದ್ದಾರೆ. ರಕ್ತ ಹೆಪ್ಪುಗಟ್ಟದಂತೆ ತಡೆಯುವ ಮಾತ್ರೆಯನ್ನು ಅವರು ಬದುಕಿರುವವರೆಗೂ ನುಂಗಬೇಕು, ಆಗಾಗ ರಕ್ತ ಪರೀಕ್ಷೆ ಮಾಡಿಸಿ ಅದರ ಪ್ರಮಾಣ ಸರಿಪಡಿಸಿಕೊಳ್ಳಬೇಕು. ನಿಲ್ಲಿಸಿದರೆ ಕವಾಟದ ಮೇಲೆ ರಕ್ತ ಹೆಪ್ಪುಗಟ್ಟುತ್ತದೆ, ಹೆಚ್ಚಾದರೆ ರಕ್ತಸ್ರಾವ. ಸೊಪ್ಪನ್ನು ಒಂದು ವಾರ ದಿನಾ ತಿಂದು ಮುಂದಿನ ವಾರ ಪೂರ್ತಿ ಬಿಟ್ಟರೆ ಮಾತ್ರೆಯ ಲೆಕ್ಕ ತಪ್ಪುತ್ತದೆ. ಮೈಕೈ ನೋವಿಗೆಂದು ಅಂಗಡಿಯಿಂದ ತಂದ ಮಾತ್ರೆ ಹೊಟ್ಟೆಯಲ್ಲಿ ರಕ್ತ ಸುರಿಸಬಹುದು. ಜ್ವರ ಬಂತೆಂದು ಊರಿನ ಕ್ಲಿನಿಕ್ಕಿನಲ್ಲಿ ಸೊಂಟಕ್ಕೆ ಚುಚ್ಚಿಸಿಕೊಂಡ ಇಂಜೆಕ್ಷನ್ ಸ್ನಾಯುವಿನೊಳಗೆ ದೊಡ್ಡ ರಕ್ತದ ಗಡ್ಡೆ ಮಾಡಬಹುದು. ಬಸುರಿಯಾದರೆ ಮೊದಲ ತಿಂಗಳಲ್ಲೇ ಬಂದು ತೋರಿಸಬೇಕು. ಲಕ್ಷಗಟ್ಟಲೆ ಖರ್ಚಿನ ಆಪರೇಷನ್ ಒಂದು ತೂಕವಾದರೆ ಈ ಐದಾರು ಮಾತು ಇನ್ನೊಂದು ತೂಕ, ಅದಕ್ಕೆ ಕಡಿಮೆಯಿಲ್ಲ. ಆಪರೇಷನ್‌ಗೆ ಸರ್ಕಾರದ ಯೋಜನೆಯಲ್ಲಿ ದರ ನಿಗದಿಯಾಗುತ್ತದೆ; ಮಾತಿಗೂ ಒಂದು ದರ ಇಡಬೇಕು.

ಕರ್ನಾಟಕದಲ್ಲೇ ಒಂದು ದಾರಿ ಕಂಡಿದೆ. ಅಮೆರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ಕೆಲವು ವಿದ್ಯಾರ್ಥಿಗಳು 2012ರ ಸುಮಾರಿಗೆ ಬೆಂಗಳೂರಿನ ನಾರಾಯಣ ಹೃದಯಾಲಯಕ್ಕೆ ಬಂದಾಗ ಅವರ ಕಣ್ಣಿಗೆ ಬಿದ್ದದ್ದು ಮೊಗಸಾಲೆಗಳಲ್ಲಿ ದಿನಗಟ್ಟಲೆ ಕಾದು ಕುಳಿತಿದ್ದ ಮನೆಯವರು. ಮನೆಗೆ ಹೋದ ಮೇಲೆ ರೋಗಿಯನ್ನು ನೋಡಿಕೊಳ್ಳುವವರು ಇವರೇ. ಆಸ್ಪತ್ರೆಯಲ್ಲಿ ಇವರಿಗೆ ಯಾರೂ ಏನೂ ಹೇಳುವುದಿಲ್ಲ. ಆ ಕಾಯುವ ಹೊತ್ತನ್ನೇ ತರಗತಿ ಮಾಡಿಕೊಂಡು, ಸಿಸ್ಟರುಗಳ ಕೈಯಿಂದಲೇ ಮನೆಯವರಿಗೆ ಕಲಿಸುವ ಕ್ರಮ ಅಲ್ಲಿ ಶುರುವಾಯಿತು: ಗಾಯ ನೋಡಿಕೊಳ್ಳುವುದು, ಕೈ ತೊಳೆಯುವುದು, ಉಸಿರಾಟದ ವ್ಯಾಯಾಮ, ಯಾವ ಲಕ್ಷಣ ಕಂಡರೆ ತಕ್ಷಣ ಬರಬೇಕು. ನೂರಾ ಹೆಲ್ತ್ ಎಂಬ ಸಂಸ್ಥೆ ಹುಟ್ಟಿದ್ದು ಹೀಗೆ. ಮುಂದೆ ಅದು ಕರ್ನಾಟಕ, ಪಂಜಾಬ್, ಮಧ್ಯಪ್ರದೇಶ ಮೊದಲಾದ ರಾಜ್ಯಗಳ ಸರ್ಕಾರಿ ಆಸ್ಪತ್ರೆಗಳ ಹೆರಿಗೆ ವಾರ್ಡುಗಳಿಗೂ ಹರಡಿತು. ಈ ಕ್ರಮದ ಗಟ್ಟಿತನ ಇರುವುದು ಅದರ ಸರಳತೆಯಲ್ಲಿ. ದಿನದ ಒಂದು ಗೊತ್ತಾದ ಹೊತ್ತು, ಒಂದು ಫ್ಲಿಪ್ ಚಾರ್ಟು ಅಥವಾ ಟೀವಿ, ಮುಂದೆ ಹತ್ತು ಹದಿನೈದು ಮಂದಿ, ನಡುವೆ ಸಿಸ್ಟರ್. ಒಬ್ಬೊಬ್ಬರಿಗೇ ಹದಿನೈದು ಸಲ ಹೇಳುವುದಕ್ಕಿಂತ ಹದಿನೈದು ಮಂದಿಗೆ ಒಂದೇ ಸಲ ಹೇಳುವುದು ಆಳಿಲ್ಲದ ವಾರ್ಡಿಗೆ ಹೊಂದುತ್ತದೆ. ಒಬ್ಬರು ಕೇಳಲು ನಾಚಿದ ಪ್ರಶ್ನೆಯನ್ನು ಪಕ್ಕದವರು ಕೇಳಿರುತ್ತಾರೆ.

ಹೆರಿಗೆ ವಾರ್ಡಿನಲ್ಲಿ ಯಾರಿಗೆ ಕಲಿಸಬೇಕು ಎಂಬುದೇ ದೊಡ್ಡ ಪ್ರಶ್ನೆ. ತಾಯಿ ಹಾಸಿಗೆಯಲ್ಲಿದ್ದಾಳೆ, ಅವಳಿಗೆ ಎಲ್ಲವನ್ನೂ ಹೇಳಿದ್ದಾಯಿತು. ಆದರೆ ಬಾಣಂತನ ನಡೆಸುವುದು ತವರಿನ ಅಮ್ಮ, ಅಜ್ಜಿ. ಹೊಕ್ಕುಳಿಗೆ ಎಣ್ಣೆ-ಅರಿಶಿನ ಹಚ್ಚಬೇಕೋ ಒಣಗಲು ಬಿಡಬೇಕೋ, ಹುಟ್ಟಿದ ದಿನವೇ ಕೂಸಿಗೆ ಎರೆಯಬೇಕೋ ಬೇಡವೋ, ಮೊದಲ ಹಳದಿ ಹಾಲು ಕೊಡಬೇಕೋ ಹಿಂಡಿ ಚೆಲ್ಲಬೇಕೋ, ಬಾಣಂತಿಗೆ ಎಷ್ಟು ನೀರು ಕೊಡಬೇಕು — ತೀರ್ಮಾನವೆಲ್ಲ ಅಜ್ಜಿಯದು. ‘ನೀರು ಕುಡಿದರೆ ಹೊಟ್ಟೆ ಬರುತ್ತೆ’ ಎಂದು ಲೋಟ ಎಣಿಸಿ ಕೊಡುವ ಮನೆಗಳು ಇನ್ನೂ ಇವೆ. ಹಾಲೂಡುವ ತಾಯಿಗೆ ಬಾಯಾರಿದಷ್ಟು ನೀರು ಕೊಡಬೇಕು ಎಂಬುದನ್ನು ಇಪ್ಪತ್ತರ ಹುಡುಗಿಗೆ ಹೇಳಿ ಕಳಿಸಿದರೆ ಅವಳು ಮನೆಯಲ್ಲಿ ಜಗಳ ಆಡಬೇಕಾಗುತ್ತದೆ, ಆಡಿ ಸೋಲುತ್ತಾಳೆ. ಅಜ್ಜಿಯನ್ನು ಕರೆದು ಕೂರಿಸಿ, ‘ನೀವು ನಾಲ್ಕು ಬಾಣಂತನ ಮಾಡಿದವರು, ನಿಮಗೆ ಗೊತ್ತಿಲ್ಲದ್ದೇನಿದೆ, ಈ ಕೂಸಿಗೆ ತೂಕ ಕಡಿಮೆ ಇದೆ ಅದಕ್ಕೆ ಇದೊಂದು ನೋಡಿ’ ಎಂದು ಶುರುಮಾಡುವ ಸಿಸ್ಟರುಗಳು ಇದ್ದಾರೆ. ಅನುಭವ ಕಲಿಸಿದ ಜಾಣತನ ಅದು.

ಕೊಪ್ಪಳ ಜಿಲ್ಲೆಯಲ್ಲಿ ಕಳೆದ ದಶಕದ ಕೊನೆಯ ವರ್ಷಗಳಲ್ಲಿ ನಡೆದ ಕಾಂಗರೂ ತಾಯಿ ಆರೈಕೆಯ ಕೆಲಸ ಹತ್ತಿರದಿಂದ ನೋಡಬೇಕಾದದ್ದು. ಕಡಿಮೆ ತೂಕದ ಕೂಸನ್ನು ಅಂಗಿಯಿಲ್ಲದೆ ತಾಯಿಯ ಎದೆಗೆ ಚರ್ಮಕ್ಕೆ ಚರ್ಮ ತಾಗುವಂತೆ ಕಟ್ಟಿಕೊಳ್ಳುವ ಈ ವಿಧಾನ 1978ರಲ್ಲಿ ಕೊಲಂಬಿಯಾದ ಬೊಗೋಟಾದಲ್ಲಿ, ಇನ್‌ಕ್ಯುಬೇಟರ್ ಸಾಲದೆ ಬಂದಾಗ ಹುಟ್ಟಿದ್ದು. ಹುಟ್ಟಿದ ತಕ್ಷಣವೇ ಶುರುಮಾಡಿದರೆ ಒಂದರಿಂದ 1.8 ಕಿಲೋ ತೂಕದ ಕೂಸುಗಳಲ್ಲಿ ಸಾವು ನೂರಕ್ಕೆ 15.7ರಿಂದ 12ಕ್ಕೆ ಇಳಿಯುತ್ತದೆ ಎಂದು ಭಾರತವೂ ಸೇರಿ ಐದು ದೇಶಗಳಲ್ಲಿ ನಡೆದ, 2021ರಲ್ಲಿ ಪ್ರಕಟವಾದ ಪ್ರಯೋಗ ತೋರಿಸಿತು. ಯಂತ್ರವಿಲ್ಲ, ದುಬಾರಿ ಔಷಧಿಯಿಲ್ಲ. ಬೇಕಾದದ್ದು ದಿನಕ್ಕೆ ಎಂಟು ಗಂಟೆಗೂ ಹೆಚ್ಚು ಹೊತ್ತು ಎದೆಗಪ್ಪಿಕೊಳ್ಳುವ ತಾಯಿ, ಅವಳಿಗೆ ದಣಿವಾದಾಗ ಎದೆ ಕೊಡುವ ಅತ್ತೆಯೋ ಗಂಡನೋ, ಇವರಿಗೆಲ್ಲ ಕಲಿಸುವ ಸಿಸ್ಟರ್. ಬೆಂಗಳೂರಿನ ಸೇಂಟ್ ಜಾನ್ಸ್ ಸಂಶೋಧನಾ ಸಂಸ್ಥೆ, ಕರ್ನಾಟಕ ಹೆಲ್ತ್ ಪ್ರಮೋಷನ್ ಟ್ರಸ್ಟ್ ಮುಂತಾದವರು ಆರೋಗ್ಯ ಇಲಾಖೆಯ ಜೊತೆ ಸೇರಿ ಕೊಪ್ಪಳದ ಆಸ್ಪತ್ರೆಗಳಲ್ಲಿ ಇದನ್ನು ಜಿಲ್ಲೆಯ ಮಟ್ಟದಲ್ಲಿ ಹರಡಲು ನೋಡಿದರು, ಡಿಸ್ಚಾರ್ಜ್ ಆದ ಮೇಲೆ ಆಶಾ ಕಾರ್ಯಕರ್ತೆಯರ ಮೂಲಕ ಮನೆಯಲ್ಲೂ ಮುಂದುವರಿಯುವಂತೆ ಏರ್ಪಾಡು ಮಾಡಿದರು.

ಕೂಸಿನ ತಲೆಗೆ ಟೋಪಿ, ಕಾಲಿಗೆ ಸಾಕ್ಸ್, ಕೆಳಗೆ ಲಂಗೋಟಿ. ಎರಡು ಮೊಲೆಗಳ ನಡುವೆ ಕಪ್ಪೆಯ ಭಂಗಿಯಲ್ಲಿ ಮಲಗಿಸಿ, ಉಸಿರಿನ ದಾರಿ ಮಡಚಿಕೊಳ್ಳದ ಹಾಗೆ ಕತ್ತನ್ನು ಒಂದು ಬದಿಗೆ ತಿರುಗಿಸಿ ತುಸು ಮೇಲಕ್ಕೆತ್ತಬೇಕು. ಮೊದಲ ದಿನ ತಾಯಿಗೆ ಭಯ. ಅಷ್ಟು ಚಿಕ್ಕದನ್ನು ಮುಟ್ಟಲೂ ಕೈ ಬಾರದು. ಸಿಸ್ಟರ್ ಎದೆಗೆ ಕಟ್ಟಿ, ತಾಯಿಯ ಅಂಗೈಯನ್ನು ಕೂಸಿನ ಬೆನ್ನಿನ ಮೇಲಿಟ್ಟು, ಅದರ ಕಾಲು ಬೆಚ್ಚಗಾಗುವುದನ್ನು ಮುಟ್ಟಿ ನೋಡಲು ಹೇಳುತ್ತಾರೆ. ಮೂರನೆಯ ದಿನ ತಾಯಿಯೇ ಬಿಚ್ಚಿ, ಹಾಲೂಡಿ, ತಾನೇ ಕಟ್ಟಿಕೊಳ್ಳಬೇಕು, ಸಿಸ್ಟರ್ ಕೈ ಹಿಂದೆ ಕಟ್ಟಿ ನೋಡಬೇಕು. ಆ ನೋಡುವುದೂ ಕೆಲಸವೇ ಎಂದು ಆಸ್ಪತ್ರೆಯ ಆಡಳಿತಕ್ಕೆ ಅನ್ನಿಸಬೇಕಾದದ್ದು ಇನ್ನೂ ಬಾಕಿ.

ಪಥ್ಯದ ವಿಷಯದಲ್ಲಂತೂ ಆಸ್ಪತ್ರೆಗಳು ರೋಗಿಯ ಅಡುಗೆಮನೆಗೆ ಕಾಲಿಟ್ಟೇ ಇಲ್ಲ. ಓಟ್ಸ್, ಬ್ರೊಕೊಲಿ, ಆಲಿವ್ ಎಣ್ಣೆ ಅಂತ ಅಚ್ಚಾದ ಕಾಗದವನ್ನು ಮಂಡ್ಯದ ರೈತನ ಕೈಗಿಟ್ಟರೆ ಅದು ಕ್ಯಾಲೆಂಡರಿನ ಮೊಳೆಗೆ ಹೋಗುತ್ತದೆ. ಆತನ ಪ್ರಶ್ನೆ ಮುದ್ದೆಯದು. ‘ಅನ್ನ ಬಿಟ್ಟು ಮುದ್ದೆ ತಿನ್ನಿ’ ಎಂದು ಯಾರೋ ಹೇಳಿದ್ದಾರೆ, ಮುದ್ದೆಯಲ್ಲಿ ಶುಗರ್ ಏರುವುದೇ ಇಲ್ಲ ಎಂದು ಆತ ನಂಬಿದ್ದಾನೆ. ರಾಗಿಯಲ್ಲೂ ಪಿಷ್ಟವೇ ಹೆಚ್ಚು, ಎರಡು ದೊಡ್ಡ ಮುದ್ದೆ ಉಂಡರೆ ಶುಗರ್ ಏರಿಯೇ ಏರುತ್ತದೆ. ಮುದ್ದೆ ಎಷ್ಟು ದೊಡ್ಡದು, ಜೊತೆಗೆ ಸೊಪ್ಪಿನ ಸಾರು, ಕಾಳು ಎಷ್ಟು ಎಂಬುದೇ ಮಾತು. ಕೈಯಲ್ಲಿ ಅಳತೆ ತೋರಿಸಿ ಇದನ್ನು ಹೇಳಬಲ್ಲವರು ಅದೇ ಊಟ ಉಂಡು ಬೆಳೆದ ಸಿಸ್ಟರ್. ಕಲಬುರಗಿ ಕಡೆಯವರಿಗೆ ಅದೇ ಲೆಕ್ಕವನ್ನು ಜೋಳದ ರೊಟ್ಟಿಯಲ್ಲಿ ಹೇಳಬೇಕು. ನಲವತ್ತು ಡಿಗ್ರಿ ದಾಟುವ ಅಲ್ಲಿನ ಬೇಸಿಗೆಯಲ್ಲಿ, ಫ್ರಿಜ್ ಇಲ್ಲದ ಮನೆಯಲ್ಲಿ, ಇನ್ಸುಲಿನ್ ಬಾಟಲಿಯನ್ನು ನೀರಿಗೆ ತಾಗದಂತೆ ತಣ್ಣನೆಯ ಮಣ್ಣಿನ ಮಡಕೆಯಲ್ಲಿ ಇಡಬಹುದು, ಫ್ರಿಜ್ ಇದ್ದರೆ ಐಸ್ ಕಟ್ಟುವ ಖಾನೆಯಲ್ಲಿ ಇಡಲೇಬಾರದು ಎಂಬುದನ್ನೂ ಹೇಳಬೇಕು.

ಭಾಷೆಯ ಮಾತು ತೆಗೆಯದೆ ವಿಧಿಯಿಲ್ಲ. ಕರ್ನಾಟಕದ ಆಸ್ಪತ್ರೆಗಳನ್ನು, ಮುಖ್ಯವಾಗಿ ಖಾಸಗಿಯವನ್ನು, ದಶಕಗಳಿಂದ ಹೊತ್ತು ನಡೆಸಿದವರಲ್ಲಿ ಕೇರಳದಿಂದ ಬಂದ ನರ್ಸುಗಳದು ದೊಡ್ಡ ಪಾಲು. ಈಗ ಈಶಾನ್ಯ ರಾಜ್ಯಗಳ ಹುಡುಗಿಯರೂ ಇದ್ದಾರೆ. ಅವರ ದುಡಿಮೆಗೆ ಈ ನಾಡು ಋಣಿ. ಅವರಲ್ಲಿ ಬಹಳ ಮಂದಿ ವಾರ್ಡಿನಲ್ಲೇ ಕನ್ನಡ ಕಲಿತು, ಮುದ್ದಾದ ಉಚ್ಚಾರಣೆಯಲ್ಲಿ ರೋಗಿಗಳನ್ನು ‘ಅಮ್ಮಾ, ಅಪ್ಪಾ’ ಎಂದು ಮಾತಾಡಿಸುತ್ತಾರೆ. ಆದರೆ ‘ನೋವು ಇದೆಯಾ, ಊಟ ಆಯ್ತಾ’ ಎನ್ನುವಷ್ಟು ಕನ್ನಡದಲ್ಲಿ ಮೇಲೆ ಹೇಳಿದ ಕವಾಟದ ಮಾತ್ರೆಯ ವಿಷಯ ಹೇಳಲಾಗುವುದಿಲ್ಲ. ಸೇರಿದ ಮೊದಲ ತಿಂಗಳುಗಳಲ್ಲಿ, ಸಂಬಳದ ಸಮಯದಲ್ಲೇ, ಆಸ್ಪತ್ರೆಯೇ ವಾರ್ಡಿನ ಕನ್ನಡ ಕಲಿಸಬೇಕು: ಬಾವು, ಕೀವು, ಉರಿಮೂತ್ರ, ತಲೆಸುತ್ತು, ಎದೆ ಹಿಡಿದಂತಾಗುವುದು, ಕಣ್ಣು ಕತ್ತಲೆ. ಬಳ್ಳಾರಿಯಲ್ಲಿ ಇದರ ಜೊತೆಗೆ ತೆಲುಗು, ಬೀದರಿನಲ್ಲಿ ಉರ್ದು, ಕರಾವಳಿಯಲ್ಲಿ ತುಳು.

ಇಷ್ಟೆಲ್ಲ ಗೊತ್ತಿದ್ದೂ ಯಾಕೆ ಆಗುತ್ತಿಲ್ಲ? ಯೂರೋಪಿನ 12 ದೇಶಗಳ 488 ಆಸ್ಪತ್ರೆಗಳಲ್ಲಿ 33,000ಕ್ಕೂ ಹೆಚ್ಚು ನರ್ಸುಗಳನ್ನು ಕೇಳಿ 2014ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಉತ್ತರ ಇದೆ. ಕಳೆದ ಪಾಳಿಯಲ್ಲಿ ಸಮಯ ಸಾಲದೆ ಏನನ್ನು ಬಿಟ್ಟಿರಿ ಎಂಬುದು ಪ್ರಶ್ನೆ. ಚಿಕಿತ್ಸಾ ಕೆಲಸಗಳನ್ನು ಬಿಟ್ಟವರು ನೂರಕ್ಕೆ 7. ರೋಗಿಗೂ ಮನೆಯವರಿಗೂ ತಿಳಿಸಿಕೊಡುವುದನ್ನು ಬಿಟ್ಟವರು ನೂರಕ್ಕೆ 41. ರೋಗಿಯ ಜೊತೆ ಮಾತಾಡಿ ಸಮಾಧಾನ ಹೇಳುವುದನ್ನು ಬಿಟ್ಟವರು ನೂರಕ್ಕೆ 53. ನಮಗಿಂತ ಎಷ್ಟೋ ಪಾಲು ಹೆಚ್ಚು ನರ್ಸುಗಳಿರುವ ದೇಶಗಳ ಕಥೆ ಇದು. ಒತ್ತಡ ಬಿದ್ದಾಗ ಮೊದಲು ಬೀಳುವುದು ಮಾತು, ಯಾಕೆಂದರೆ ಅದು ಬಿದ್ದದ್ದು ಆ ದಿನ ಯಾರಿಗೂ ಕಾಣುವುದಿಲ್ಲ. ಬೋಧನಾ ಆಸ್ಪತ್ರೆಯ ಸಾಮಾನ್ಯ ವಾರ್ಡಿನಲ್ಲಿ 3 ರೋಗಿಗಳಿಗೆ, ಇತರ ಆಸ್ಪತ್ರೆಗಳಲ್ಲಿ 5 ರೋಗಿಗಳಿಗೆ ಒಬ್ಬ ನರ್ಸ್ ಎಂಬುದು ಭಾರತೀಯ ನರ್ಸಿಂಗ್ ಮಂಡಳಿಯ ಅಳತೆ. ಸರ್ಕಾರಿ ಆಸ್ಪತ್ರೆಯ ರಾತ್ರಿ ಪಾಳಿಯಲ್ಲಿ ಒಬ್ಬರೇ ಸಿಸ್ಟರ್ ಇಡೀ ವಾರ್ಡ್ ನೋಡುವುದನ್ನು ಕಂಡವರಿಗೆ ಈ ಅಳತೆ ಕಾಗದದ್ದು ಎಂದು ಹೇಳಬೇಕಾಗಿಲ್ಲ. ಹಗಲು ಪಾಳಿಯಲ್ಲೂ ಇಂಡೆಂಟ್ ಬರೆಯುವುದು, ಲ್ಯಾಬಿಗೆ ಅಲೆಯುವುದು, ಆನ್‌ಲೈನ್ ನಮೂದು ಎಂದು ಗುಮಾಸ್ತರ ಕೆಲಸವೇ ಗಂಟೆಗಟ್ಟಲೆ ತಿನ್ನುತ್ತದೆ. ಅದನ್ನು ಗುಮಾಸ್ತರಿಗೇ ಕೊಟ್ಟರೆ ಕಲಿಸುವ ಹೊತ್ತು ಅಷ್ಟರಮಟ್ಟಿಗೆ ಸಿಗುತ್ತದೆ. ಗುತ್ತಿಗೆಯ ಮೇಲೆ, ಕಡಿಮೆ ಸಂಬಳಕ್ಕೆ, ನಾಳೆ ಇರುತ್ತೇನೋ ಇಲ್ಲವೋ ಎಂದು ದುಡಿಯುವವರಿಂದ ತಾಳ್ಮೆಯ ಪಾಠ ನಿರೀಕ್ಷಿಸುವುದು ನ್ಯಾಯವೂ ಅಲ್ಲ.

ಖಾಸಗಿ ಆಸ್ಪತ್ರೆಗಳ ರೋಗ ಬೇರೆ ಥರ. ಗುಣಮಟ್ಟದ ಮಾನ್ಯತೆಗೆ ರೋಗಿಯ ಹಕ್ಕು ಮತ್ತು ಶಿಕ್ಷಣ ಎಂಬ ಇಡೀ ಅಧ್ಯಾಯವೇ ಇದೆ. ಅದಕ್ಕೊಂದು ಫಾರಂ, ಫಾರಂ ತುಂಬ ಟಿಕ್ ಗುರುತು, ಕೆಳಗೆ ಮನೆಯವರ ಸಹಿ. ಏನಕ್ಕೆ ಸಹಿ ಹಾಕಿದೆವು ಎಂಬುದು ಹಾಕಿದವರಿಗೆ ಗೊತ್ತಿರುವುದಿಲ್ಲ. ಈ ಸಹಿಯ ಜಾಗದಲ್ಲಿ ಒಂದೇ ಒಂದು ಸಾಲು ಬರಲಿ: ‘ರೋಗಿ ತಾನೇ ಇನ್ಸುಲಿನ್ ಎಳೆದು ಚುಚ್ಚಿಕೊಂಡರು, ಎರಡನೇ ಸಲ ಸರಿಯಾಯಿತು’. ಬರೆದವರ ಹೆಸರು, ಹೊತ್ತು.

ಡಿಸ್ಚಾರ್ಜ್‌ಗೆ ಮುಂಚೆ ಇಪ್ಪತ್ತು ನಿಮಿಷ, ಮನೆಯಲ್ಲಿ ನಿಜವಾಗಿ ನೋಡಿಕೊಳ್ಳುವವರು ಎದುರಿಗೆ ಕೂತ ಮೇಲೆಯೇ, ಪ್ರತಿ ಪಾಳಿಯಲ್ಲಿ ಇದಕ್ಕೆಂದೇ ಬಿಡುವು ಕೊಟ್ಟ ಒಬ್ಬ ಸಿಸ್ಟರ್, ದೊಡ್ಡಕ್ಷರದ ಕನ್ನಡದಲ್ಲಿ ಒಂದು ಪುಟದ ಚೀಟಿ. ಇಷ್ಟು ಆಗಲೆಂದು ಆರೋಗ್ಯ ಇಲಾಖೆ ಜಿಲ್ಲಾ ಆಸ್ಪತ್ರೆಗಳಿಗೆ ಆದೇಶ ಹೊರಡಿಸಬಹುದು. ಅದಕ್ಕೆ ಹೊಸ ಕಟ್ಟಡ ಬೇಡ, ಆದರೆ ಹೊಸ ಹುದ್ದೆಗಳು ಬೇಕು ಎಂಬುದನ್ನು ಮುಚ್ಚಿಡಬಾರದು. ಖರ್ಚಿನ ಮಾತು ಬಂದಾಗ ಅಮೆರಿಕದ ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯದ ಮೇರಿ ನೇಯ್ಲರ್ 1999ರಲ್ಲಿ ಪ್ರಕಟಿಸಿದ ಪ್ರಯೋಗವನ್ನು ಹಣಕಾಸು ಇಲಾಖೆಯ ಮುಂದಿಡಬೇಕು. 65 ದಾಟಿದ ರೋಗಿಗಳಿಗೆ ನುರಿತ ನರ್ಸುಗಳು ಆಸ್ಪತ್ರೆಯಲ್ಲೇ ಹೇಳಿಕೊಡಲು ಶುರುಮಾಡಿ, ಮನೆಗೆ ಹೋದ ಮೇಲೂ ನಾಲ್ಕು ವಾರ ಬೆನ್ನುಹತ್ತಿ ನೋಡಿಕೊಂಡರು. ಆರು ತಿಂಗಳೊಳಗೆ ಮತ್ತೆ ಆಸ್ಪತ್ರೆ ಸೇರಿದವರು ಅವರಲ್ಲಿ ನೂರಕ್ಕೆ 20. ಆ ಆರೈಕೆ ಸಿಗದವರಲ್ಲಿ 37.

ನಮ್ಮಲ್ಲಿ ಮನೆಯವರೆಗೆ ಬೆನ್ನುಹತ್ತುವ ಜನ ಆಗಲೇ ಇದ್ದಾರೆ. ಆಯುಷ್ಮಾನ್ ಆರೋಗ್ಯ ಮಂದಿರಗಳಾದ ಉಪಕೇಂದ್ರಗಳಲ್ಲಿ ಕೂರುವ ಸಮುದಾಯ ಆರೋಗ್ಯಾಧಿಕಾರಿಗಳಲ್ಲಿ ಬಹುಪಾಲು ನರ್ಸಿಂಗ್ ಓದಿ ಬಂದವರೇ. ಜಿಲ್ಲಾ ಆಸ್ಪತ್ರೆಯಿಂದ ಡಿಸ್ಚಾರ್ಜ್ ಆದವರ ವಿವರ ಅದೇ ಸಂಜೆ ಅವರ ಫೋನಿಗೆ ಬರಬೇಕು: ಏನು ಆಪರೇಷನ್, ಯಾವ ಮಾತ್ರೆ, ಯಾವುದನ್ನು ಕಲಿಸಿದೆ, ಯಾವುದು ಇನ್ನೂ ಕೈಗೆ ಹತ್ತಿಲ್ಲ. ಮೂರನೆಯ ದಿನ ಅವರು ಫೋನ್ ಮಾಡಿ ‘ಹೇಗಿದ್ದೀರಿ’ ಎಂದು ಕೇಳಿ ಇಡಬಾರದು. ಮಾತ್ರೆಗಳನ್ನೆಲ್ಲ ತಂದು ಮುಂದಿಟ್ಟುಕೊಳ್ಳಿ, ಬೆಳಿಗ್ಗೆ ಯಾವುದು ನುಂಗಿದಿರಿ ಹೇಳಿ, ಹೊಲಿಗೆ ಸುತ್ತ ಕೆಂಪಾಗಿದೆಯಾ, ರಾತ್ರಿ ಜ್ವರ ಬಂತಾ ಎಂದು ಕೇಳಬೇಕು, ಉತ್ತರದಲ್ಲಿ ಅನುಮಾನ ಬಂದರೆ ಮರುದಿನ ಬೆಳಿಗ್ಗೆ ಆ ಮನೆಗೆ ಹೋಗಬೇಕು.